ಗಡಿ ಹಿಡಿದವಳು

ಇಪ್ಪತ್ತೊಂದು ವರ್ಷ ಅಂಟಕ್ಕ ಪ್ರಪಂಚವನ್ನು ತಲೆಕೆಳಗಾಗಿಯೇ ನೋಡಿದ್ದಳು. ಇದರಲ್ಲಿ ವೇದಾಂತ ಏನೂ ಇಲ್ಲ. ಸರ್ಕಾರಿ ನಕ್ಷೆ ಕಚೇರಿಯ ಅಂಟು ವಿಭಾಗದಲ್ಲಿ ಮೇಜು ಹಾಕಿದ್ದೇ ಹಾಗೆ. ಮೇಜಿನ ಆಚೆ ಮೇಲ್ವಿಚಾರಕನ ಕುರ್ಚಿ. ಈಚೆ ಹನ್ನೊಂದು ಹೆಂಗಸರು, ನಿಂತೇ ಇರಬೇಕು. ನಕ್ಷೆಯ ಕಾಲು ಅವನ ಕಡೆಗೆ, ತಲೆ ಇವರ ಕಡೆಗೆ. ಕುರ್ಚಿಯಲ್ಲಿ ಕೂತವನಿಗೆ ಪ್ರಪಂಚ ನೆಟ್ಟಗೆ ಕಾಣಬೇಕು. ಕೆಲಸ ಮಾಡುವವರಿಗೆ ಹೇಗೆ ಕಂಡರೇನು?

ಕೆಲಸ ಇಷ್ಟೇ. ಶಾಲೆಗಳಲ್ಲಿ ತೂಗುಹಾಕುವ ದೊಡ್ಡ ನಕ್ಷೆಗಳು, ಹಿಂದೆ ಬಟ್ಟೆ ಅಂಟಿಸಿದವು, ಆಗಾಗ ಕಚೇರಿಗೆ ವಾಪಸು ಬರುತ್ತಿದ್ದವು. ಯಾಕೆಂದರೆ ದೇಶ ಬೆಳೆದಿರುತ್ತಿತ್ತು. ಮಕ್ಕಳು ಬೆಳೆದರೆ ಅಂಗಿ ಬದಲಾಯಿಸುತ್ತಾರೆ, ದೇಶ ಬೆಳೆದರೆ ಚೀಟಿ ಅಂಟಿಸುತ್ತಾರೆ. ನಮ್ಮ ದೇಶದ ಬಣ್ಣ ಇಟ್ಟಿಗೆ ಕೆಂಪು. ಹೊಸದಾಗಿ ಸೇರಿಸಿಕೊಂಡ ನೆಲದ ಆಕಾರಕ್ಕೆ ಇಟ್ಟಿಗೆ ಬಣ್ಣದ ಚೀಟಿ ಕತ್ತರಿಸಿ ಬರುತ್ತಿತ್ತು. ಅಂಟು ಬಳಿ, ಕೂರಿಸು, ಮೂಳೆಯ ಪಟ್ಟಿಯಿಂದ ತೀಡು. ಮುಂದಿನದು. ದಿನಕ್ಕೆ ನಲವತ್ತು.

ಗೋಧಿಹಿಟ್ಟಿನ ಅಂಟು. ಇಲಿ, ಹುಳ ತಿನ್ನದಿರಲಿ ಅಂತ ಅದಕ್ಕೆ ಮೈಲುತುತ್ತ ಬೆರೆಸುತ್ತಿದ್ದರು. ಇಲಿ ಬಚಾವಾಯಿತು. ಬೆರಳು ಬಚಾವಾಗಲಿಲ್ಲ. ಹನ್ನೊಂದು ಹೆಂಗಸರ ಬೆರಳತುದಿ ಬಿರಿದು, ಸುಲಿದು, ಗೆರೆಯೇ ಅಳಿಸಿಹೋಗಿತ್ತು. ಹಾಜರಿ ಯಂತ್ರದ ಮೇಲೆ ಬೆರಳಿಟ್ಟರೆ ಅದು "ಇಂಥವರು ಯಾರೂ ಇಲ್ಲ" ಅನ್ನುತ್ತಿತ್ತು. ಎಂಟು ಗಂಟೆ ನಿಂತು ಸೊಂಟ ಬಿದ್ದವರಿಗೆ ಯಂತ್ರ ಕೊಡುತ್ತಿದ್ದ ಸರ್ಟಿಫಿಕೇಟು ಅದು.

ಹಳೆಯ ಚೀಟಿ ಕಿತ್ತು ಹೊಸದು ಅಂಟಿಸಬೇಕು ಅಂತ ನಿಯಮ. ನಲವತ್ತು ನಕ್ಷೆಯಲ್ಲಿ ಕೀಳುತ್ತ ಕೂತರೆ ದಿನ ಮುಗಿಯುತ್ತದೆ. ಅದಕ್ಕೇ ಮೇಲೆ ಮೇಲೆ ಅಂಟಿಸಿಬಿಡುತ್ತಿದ್ದರು. ಅಂಟಕ್ಕ ಕಣ್ಣು ಮುಚ್ಚಿ ಅಂಗೈ ಆಡಿಸಿ ಹೇಳುತ್ತಿದ್ದಳು. "ಇಲ್ಲಿ ಮೂರು ಪದರ. ಇದು ಬಂದರು. ಮೊದಲು 'ಸ್ನೇಹ ಬಂದರು' ಅಂತ ಅಂಟಿಸಿದ್ವಿ. ಆಮೇಲೆ 'ಗುತ್ತಿಗೆ ಬಂದರು'. ಆಮೇಲೆ ಗುತ್ತಿಗೇನೂ ಇಲ್ಲ, ಸ್ನೇಹಾನೂ ಇಲ್ಲ. ಇಟ್ಟಿಗೆ."

"ಗುಡ್ಡನಾಡಿಗೆ 'ರಕ್ಷಿತ ಪ್ರದೇಶ' ಅಂತಿತ್ತಲ್ಲ ಅಕ್ಕ. ಯಾರಿಂದ ರಕ್ಷಣೆ?" ಅಂತ ಪಕ್ಕದ ಮೋಟಮ್ಮ ಕೇಳುವಳು. ಅವಳು ಎತ್ತರದಲ್ಲಿ ಅಂಟಕ್ಕನ ಭುಜಕ್ಕೆ ಬರುತ್ತಿದ್ದಳು, ಮಾತಿನಲ್ಲಿ ತಲೆ ಮೇಲೆ ಹೋಗುತ್ತಿದ್ದಳು.

"ನಮ್ಮಿಂದ."

"ಮತ್ತೆ ರಕ್ಷಣೆ ಮಾಡೋರು?"

"ನಾವೇ."

"ಅಯ್ಯೋ, ಹಾಗಾದ್ರೆ ಪಾಪ ಅವರಿಗೆ ಖರ್ಚೇ ಇಲ್ಲ ಬಿಡು. ಅಲ್ಲಾ, ಇದಕ್ಕೆ ವಿದೇಶಾಂಗ ನೀತಿ ಅಂತ ಯಾಕೆ ಹೆಸರು?"

"ಬೇರೆ ದೇಶದ ಅಂಗಕ್ಕೆ ಕೈ ಹಾಕೋದಕ್ಕೆ."

ಹನ್ನೊಂದು ಹೆಂಗಸರೂ ಬಾಯಿಗೆ ಬಟ್ಟೆ ಒತ್ತಿಕೊಂಡು ನಗುತ್ತಿದ್ದರು. ಆಗ ಅಂಟಕ್ಕ ನಿರ್ದೇಶಕರ ಸ್ವರ ತೆಗೆಯುವಳು. ನಕ್ಷೆ ಸಾಹೇಬರು ಅಂತ ಅವರಿಗೆ ಹೆಸರು. ಹೌದು ಅನ್ನಲೂ ಹೆದರಿಕೆ, ಇಲ್ಲ ಅನ್ನಲೂ ಹೆದರಿಕೆ ಇರುವ ಮನುಷ್ಯ. ಮೂಗಿನಲ್ಲಿ ಗಾಳಿ ಎಳೆದುಕೊಂಡು, "ಹಾಗಂತಲ್ಲ, ಆದ್ರೂ ಹಾಗೇನೇ" ಅನ್ನುತ್ತಿದ್ದರು. ಅಂಟಕ್ಕ ಅದನ್ನು ಎಷ್ಟು ಚೆನ್ನಾಗಿ ಹೇಳುತ್ತಿದ್ದಳೆಂದರೆ, ಒಂದು ಸಲ ಮೇಲ್ವಿಚಾರಕ ತಿರುಗಿಯೂ ನೋಡದೆ ಎದ್ದು ನಿಂತು ನಮಸ್ಕಾರ ಮಾಡಿಬಿಟ್ಟಿದ್ದ.

ಅಂಟಕ್ಕನ ತವರು ಗಡಿಯಾಚೆ. ನದಿ ಎರಡು ಕವಲಾಗಿ ಮತ್ತೆ ಕೂಡುವ ಕಡೆ ಒಂದು ನಡುಗಡ್ಡೆ. ಎಂಬತ್ತನಾಲ್ಕು ಮನೆ. ಎಲ್ಲರೂ ಬುಟ್ಟಿ ಹೆಣೆಯುವವರು. ಅದು ಪಕ್ಕದ ಪುಟ್ಟ ದೇಶಕ್ಕೆ ಸೇರಿದ್ದು. ಮದುವೆಯಾಗಿ ಈಚೆ ಬಂದವಳು ಅಂಟಕ್ಕ. ವರ್ಷಕ್ಕೊಂದು ಸಲ ಪರವಾನಗಿ ಚೀಟಿ ಹಿಡಿದು, ಗಡಿಯ ಠಾಣೆಯಲ್ಲಿ ಅರ್ಧ ದಿನ ಬಿಸಿಲಲ್ಲಿ ನಿಂತು, ಅಣ್ಣ ಅತ್ತಿಗೆಯ ಮುಖ ನೋಡಿ ಬರುವಳು.

ಈಚೆಗೆ ರೇಡಿಯೋ ಮೂರು ಹೊತ್ತೂ ಒಂದೇ ರಾಗ ಹಾಡುತ್ತಿತ್ತು. ನಡುಗಡ್ಡೆ ನಮ್ಮ ಪುರಾತನ ಭೂಮಿ. ನಮಗೆ ಮರಳಬೇಕು. ತೋಪು ಹಾರಿಸಿ ಅಭ್ಯಾಸ ಮಾಡಲು ಸೈನ್ಯಕ್ಕೆ ಬಯಲು ಬೇಕಾಗಿತ್ತು. ಅದನ್ನು ಮಾತ್ರ ರೇಡಿಯೋ ಹೇಳಲಿಲ್ಲ. ಬೇರೆ ದೇಶಗಳ ಮೂವರು ಮಧ್ಯಸ್ಥರು ಬಂದು ತೀರ್ಪು ಕೊಡುವವರಿದ್ದರು. ಅಣ್ಣ ಫೋನು ಮಾಡಿದ್ದ.

"ನಿಮ್ಮ ಕಡೆಯೋರು ಕತ್ತಲಾಗೋ ಮುಂಚೆ ದೋಣೀಲಿ ಬಂದು ಅಳತೆ ಮಾಡ್ಕೊಂಡು ಹೋದ್ರು ಕಣಮ್ಮ. ಬಾಗಿಲ ಮೇಲೆ ಸುಣ್ಣದಲ್ಲಿ ನಂಬರ್ ಬರೆದವ್ರೆ. ತೀರ್ಪು ಅವರ ಕಡೆ ಆದ್ರೆ ಒಂದು ತಿಂಗಳಂತೆ. ಎದ್ದು ಹೋಗಬೇಕಂತೆ."

"ಎಲ್ಲಿಗೆ?"

"ಕೇಳ್ದೆ. 'ಅದು ನಿಮ್ಮ ಸಮಸ್ಯೆ' ಅಂದ್ರು."

ಕುರಿಯನ್ನು ಕೇಳಿ ಯಾರು ಮಸಾಲೆ ಅರೆಯುತ್ತಾರೆ? ಅಂಟಕ್ಕನಿಗೆ ಎರಡು ದಿನ ತಲೆ ನೆಟ್ಟಗಿರಲಿಲ್ಲ. ಮೂರನೆಯ ದಿನ ಬೆಳಿಗ್ಗೆ ನಕ್ಷೆ ಸಾಹೇಬರು ಅವಳನ್ನೂ ಮೋಟಮ್ಮನನ್ನೂ ಉಗ್ರಾಣದ ಪಕ್ಕದ ಕೋಣೆಗೆ ಕರೆದರು. ಮೇಜಿನ ಮೇಲೆ ಒಂದು ನಕ್ಷೆ. ಗೋಡೆಯಷ್ಟು ದೊಡ್ಡದು, ನೂರು ವರ್ಷ ಹಳೆಯದು, ಹಳದಿಗಟ್ಟಿದ್ದು. ಪಕ್ಕದ ತಟ್ಟೆಯಲ್ಲಿ ಅಂಗೈ ಅಗಲದ ಇಟ್ಟಿಗೆ ಬಣ್ಣದ ಚೀಟಿ. ಹೆಸರಿಲ್ಲ, ಅಕ್ಷರವಿಲ್ಲ. ಘಮ್ಮೆಂದು ಚಹಾದ ವಾಸನೆ.

"ಇದಕ್ಕೇನು ಸಾರ್, ಚಾ ಕುಡಿಸಿದೀರಾ?" ಎಂದಳು ಮೋಟಮ್ಮ.

"ಹಳೆ ನಕ್ಷೆಗೆ ಹಳೆ ಬಣ್ಣ ಬರಬೇಕಲ್ಲಮ್ಮ. ಹರಿದಿದೆ, ರಿಪೇರಿ. ಸುಳ್ಳು ಅಂತಲ್ಲ, ಆದ್ರೂ..." ಸಾಹೇಬರು ಅರ್ಧಕ್ಕೆ ನಿಲ್ಲಿಸಿದರು. "ನಿನ್ನ ಕೈ ಚೆನ್ನಾಗಿದೆ ಅಂತ ಕರೆದೆ. ಅಂಚು ಕಾಣಬಾರದು."

"ನಮಗೆ ಇಪ್ಪತ್ತು ವರ್ಷದಿಂದ ಒಂದು ಲೋಟ ಚಾ ಇಲ್ಲ. ಕಾಗದಕ್ಕೆ ತಟ್ಟೆ ತುಂಬ" ಎಂದು ಮೋಟಮ್ಮ ಗೋಡೆಗೆ ಹೇಳಿದಳು.

ಅಂಟಕ್ಕ ಅಂಟಿಸಿದಳು. ಏನೋ ಕರಾಮತ್ತು ಅಂತ ಗೊತ್ತಾಗದಷ್ಟು ದಡ್ಡಿಯಲ್ಲ. ಆದರೆ ಯಾರದೋ ನೆಲ. ಬೇರೆಯವರ ಊರಿನ ಮೇಲೆ ಬಳಿಯುವಾಗ ಅಂಟು ಬರೀ ಅಂಟು. ನಕ್ಷೆ ಎಂದಿನಂತೆ ತಲೆಕೆಳಗಾಗಿತ್ತು. ಒಂದು ನದಿ, ಎರಡು ಕವಲು, ಮೇಲಿನದು ಕೆಳಗೆ, ಎಡದ್ದು ಬಲಕ್ಕೆ. ಇರುವೆ ಗಾತ್ರದ ಅಕ್ಷರವೂ ತಲೆಕೆಳಗೆ, ಅವಳು ಓದುವ ಗೋಜಿಗೆ ಹೋಗಲಿಲ್ಲ. ಅವಳು ಅಂಚನ್ನು ಮೂಳೆಪಟ್ಟಿಯಿಂದ ಕೂದಲೆಳೆಯಷ್ಟು ತೆಳ್ಳಗೆ ತೀಡಿದಳು. ಸಾಹೇಬರು ಬೆರಳಾಡಿಸಿ, "ಎಲ್ಲಿ ಅಂತಾನೇ ತಿಳಿಯಲ್ಲ" ಎಂದರು. ಅವಳಿಗೆ ಖುಷಿಯಾಯಿತು. ಆ ಖುಷಿಯನ್ನು ನೆನೆದು ಆಮೇಲೆ ಅವಳಿಗೆ ತನ್ನ ಕೈಗೇ ಉಗಿಯಬೇಕು ಅನ್ನಿಸಿತು.

ಮಾರನೆಯ ದಿನ ಸಭೆ. ಕಚೇರಿಯ ದೊಡ್ಡ ಹಾಲಿಗೆ ಹೊಸ ಬಣ್ಣ ಹೊಡೆದಿದ್ದರು, ಮೊಳೆ ಹೊಡೆಯುವ ಹಾಗಿಲ್ಲ. ನಕ್ಷೆಯ ಸ್ಟ್ಯಾಂಡು ಅದರ ಭಾರಕ್ಕೆ ಮುರಿದಿತ್ತು. ಸಾಹೇಬರಿಗೆ ಉಪಾಯ ಹೊಳೆಯಿತು. ಮುರಿದರೆ ಬದಲಾಯಿಸಬಹುದಾದ ಸ್ಟ್ಯಾಂಡು ಕಚೇರಿಯಲ್ಲಿ ಹನ್ನೊಂದಿದ್ದವಲ್ಲ.

"ನೀವಿಬ್ಬರೂ ಆಚೆ ಒಬ್ಬರು ಈಚೆ ಒಬ್ಬರು ಹಿಡ್ಕೊಳ್ಳಿ. ನಕ್ಷೆ ಹಿಂದೆ ನಿಲ್ಲಬೇಕು. ಮುಖ ಕಾಣಬಾರದು. ಬೆರಳು ಕಂಡ್ರೆ ಪರವಾಗಿಲ್ಲ. ಕೆಮ್ಮಬಾರದು."

"ಉಸಿರು ಸಾರ್?" ಎಂದಳು ಮೋಟಮ್ಮ.

"ಮೆಲ್ಲಗೆ."

ಮೋಟಮ್ಮ ಹಿಡಿದ ಕಡೆ ದೇಶ ಒಂದು ಮೊಳ ಇಳಿಯಿತು. ಅವಳ ಕಾಲ ಕೆಳಗೆ ಮರದ ಪೆಟ್ಟಿಗೆ ಇಟ್ಟರು. ದೇಶ ಸಮವಾಯಿತು. ಮೇಲಿನ ಕೋಲನ್ನು ಎರಡೂ ಕೈಯಿಂದ ತಲೆಯ ಮೇಲೆತ್ತಿ ಹಿಡಿಯಬೇಕು. ಐದು ನಿಮಿಷಕ್ಕೆ ರೆಟ್ಟೆ ಉರಿಯಿತು. ಹತ್ತಕ್ಕೆ ಬೆರಳು ಜೋಮು ಹಿಡಿಯಿತು. ಕಾಲು ಗಂಟೆಗೆ ಕಂಕುಳಿನಿಂದ ಬೆವರು ಸೊಂಟದವರೆಗೆ ಇಳಿಯಿತು. ಆಚೆ ಕುರ್ಚಿಗಳು ಸರಿದವು, ನೀರಿನ ಹೂಜಿ, ಲೋಟ ಸದ್ದು ಮಾಡಿದವು. ಎದುರಿನ ಕಿಟಕಿಯ ಬಿಸಿಲು ನಕ್ಷೆಯ ಮೇಲೆ ಬಿದ್ದು, ಬಟ್ಟೆಯ ಈಚೆ ಅಂಟಕ್ಕನ ಮುಖಕ್ಕೆ ಮಸುಕಾಗಿ ತಾಕುತ್ತಿತ್ತು.

ವಿದೇಶಾಂಗ ಕಾರ್ಯದರ್ಶಿ ಎದ್ದು ನಿಂತರು. ಕೈಯಲ್ಲಿ ಹಿತ್ತಾಳೆ ತುದಿಯ ಬೆತ್ತ. ತುಪ್ಪ ಸವರಿದ ಗಂಟಲು.

"ಮಾನ್ಯ ಮಧ್ಯಸ್ಥರೇ, ನಮ್ಮ ದೇಶ ಎಂದೂ ಯಾರ ಒಂದಿಂಚು ನೆಲವನ್ನೂ ಬಯಸಿದ್ದಲ್ಲ. ಬಂದರು ತಾನಾಗಿ ನಮ್ಮ ಬಳಿ ಬಂತು. ಗುಡ್ಡನಾಡು ಪ್ರೀತಿಯಿಂದ ಸೇರಿತು."

"ಪ್ರೀತಿ ಅಂದ್ರೆ ತೋಪು ಯಾಕೆ ತಗೊಂಡು ಹೋಗಿದ್ರು?" ಮೋಟಮ್ಮ ನಕ್ಷೆಯ ಹಿಂದೆ ಪಿಸುಗುಟ್ಟಿದಳು.

"ಗಟ್ಟಿಯಾಗಿ ಹೇಳ್ಬೇಕಿತ್ತಲ್ಲ ಪ್ರೀತೀನ."

ನಗು ಬಂದು ನಕ್ಷೆ ನಡುಗಿತು. "ಗಡಿ ಅಲುಗಾಡಿಸಬೇಡಿ" ಎಂದು ಸಾಹೇಬರು ಬದಿಯಿಂದ ಹಲ್ಲು ಕಚ್ಚಿ ಹೇಳಿದರು.

ಕಾರ್ಯದರ್ಶಿ ಮುಂದುವರಿದರು. "ಈಗ ವಿವಾದದ ಸ್ಥಳ. ಪಶ್ಚಿಮದಲ್ಲಿ, ಇಲ್ಲಿ."

ಬೆತ್ತದ ತುದಿ ನಕ್ಷೆಗೆ ಬಡಿಯಿತು. ಬಟ್ಟೆಯ ಹಿಂದೆ ಅಂಟಕ್ಕನ ಮೂಗಿತ್ತು. ಅವಳ ಕಣ್ಣಲ್ಲಿ ನೀರು ಚಿಮ್ಮಿತು. ಕೈ ಮೇಲಿದೆ, ಮೂಗು ಉಜ್ಜಿಕೊಳ್ಳುವ ಹಾಗಿಲ್ಲ.

"ನೂರು ವರ್ಷದ ಹಿಂದಿನ ಈ ನಕ್ಷೆಯಲ್ಲೂ ಇದು ನಮ್ಮದೇ ಬಣ್ಣ." ಟಕ್. "ನದಿಯ ಎರಡು ಕವಲಿನ ನಡುವಣ ಈ ಗಡ್ಡೆ." ಟಕ್. ಈ ಸಲ ಹಣೆ. "ಇಲ್ಲಿ ಜನವಸತಿ ಇಲ್ಲ. ಬೇಸಿಗೆಯಲ್ಲಿ ಬುಟ್ಟಿ ಹೆಣೆಯುವ ಕೆಲವರು ಜೊಂಡು ಕೊಯ್ಯಲು ಬರುತ್ತಾರೆ. ಕೊಯ್ದು ಹೋಗುತ್ತಾರೆ." ಟಕ್.

ಅಂಟಕ್ಕ ಕಣ್ಣು ತೆರೆದಳು. ಬಿಸಿಲು ಬಿದ್ದ ಬಟ್ಟೆಯಲ್ಲಿ, ಮೂಗಿನ ನೇರಕ್ಕೆ, ಅಂಗೈ ಅಗಲದ ಕಪ್ಪು ನೆರಳು. ಚೀಟಿಯ ನೆರಳು. ತಾನೇ ಅಂಟಿಸಿದ್ದು. ಅಂಚು ಕಾಣದ ಹಾಗೆ.

ಅವಳಿಗೆ ಮೊದಲು ಬಂದದ್ದು ಸಿಟ್ಟಲ್ಲ, ನಾಚಿಕೆ. ಅಣ್ಣನ ಮನೆ, ಅತ್ತಿಗೆಯ ಒಲೆ, ಎಂಬತ್ತನಾಲ್ಕು ಬಾಗಿಲು, ಎಲ್ಲದರ ಮೇಲೆ ತಾನೇ ಅಂಟು ಬಳಿದು ತೀಡಿದ್ದಳು. ಅದರ ಬೆನ್ನಿಗೇ ಸಿಟ್ಟು ಬಂತು. ಬೆರಳು ತೋರಿಸಿದರೆ ಹಸ್ತ ನುಂಗುವವರು, ಅವಳ ಹಸ್ತದಿಂದಲೇ ನುಂಗಿಸಿದ್ದರು.

"ಹೋಗಲ್ಲ ಸಾರ್" ಎಂದಳು. "ಅಲ್ಲೇ ಇರ್ತೀವಿ."

ಮಧ್ಯಸ್ಥರಲ್ಲಿ ಹಿರಿಯಳು, ಬಿಳಿಕೂದಲಿನ ಮುದುಕಿ, ಕೈಯಲ್ಲಿದ್ದ ಭೂತಗನ್ನಡಿ ಇಳಿಸಿದಳು. ಕಾರ್ಯದರ್ಶಿ ಕೆಮ್ಮಿದರು.

"ಗೋಡೆಯಾಚೆ ಯಾರೋ ಮಾತಾಡ್ತಾ ಇದಾರೆ" ಎಂದು ನಕ್ಷೆ ಸಾಹೇಬರು ಬೆವರು ಒರೆಸಿಕೊಂಡರು.

"ನಾನು ಹೇಳುತ್ತಿದ್ದುದು, ಇಲ್ಲಿ ಜನವಸತಿ ಶೂನ್ಯ." ಟಕ್.

"ಎಂಬತ್ನಾಲ್ಕು ಮನೆ" ಎಂದಿತು ನಕ್ಷೆ.

ಮುದುಕಿ ತನ್ನ ಭಾಷೆಯಲ್ಲಿ ಏನೋ ಕೇಳಿದಳು. ದುಭಾಷಿ ಒಬ್ಬ ಬಡಪಾಯಿ. ಕೇಳಿದ್ದನ್ನು ಹೇಳುವುದಷ್ಟೇ ಅವನಿಗೆ ಗೊತ್ತು, ಮುಚ್ಚಿಡಲು ಕಲಿಸಿರಲಿಲ್ಲ. "ನಕ್ಷೆ ಈಗೇನು ಹೇಳಿತು ಎಂದು ಮಾನ್ಯರು ಕೇಳುತ್ತಿದ್ದಾರೆ" ಎಂದ. ಆಮೇಲೆ ತಾನೇ ಆ ಕಡೆ ತಿರುಗಿ ಅವಳ ಭಾಷೆಯಲ್ಲಿ ಉತ್ತರವನ್ನೂ ಹೇಳಿಬಿಟ್ಟ. ಎಂಬತ್ತನಾಲ್ಕು ಅಂತ ಬೆರಳಲ್ಲೂ ತೋರಿಸಿದ.

ಸಾಹೇಬರು ನಕ್ಷೆಯ ಹಿಂದಕ್ಕೆ ನುಗ್ಗಿದರು. ಮುಖ ಬಿಳುಚಿಕೊಂಡಿತ್ತು.

"ಏನಮ್ಮಾ ಇದು? ನಿನ್ನ ಕೆಲಸ ಹಿಡಿಯೋದು. ಮಾತಾಡೋದಲ್ಲ."

"ನನ್ನ ಊರು ಸಾರ್ ಅದು."

"ನಿನ್ನ ಊರು ಅಂತ ಅಲ್ಲಿ ಎಲ್ಲಾದ್ರೂ ಬರೆದಿದೆಯಾ?"

"ಬರೆದಿತ್ತೇನೋ. ನೀವು ಮೇಲೆ ಅಂಟಿಸಿದ್ರಿ. ನನ್ ಕೈಲಿ."

"ನೋಡು, ಸುಮ್ನೆ ಹಿಡ್ಕೊಂಡಿರು. ನಾಳೆಯಿಂದ ಕೆಲಸಕ್ಕೆ ಬರಬೇಡ."

"ಆಯ್ತು ಸಾರ್. ನಾಳೆ ಬರಲ್ಲ. ಇವತ್ತು ಇದೀನಲ್ಲ."

ಅವಳು ಕೈ ಬಿಟ್ಟಳು.

ನಕ್ಷೆಯ ಪಶ್ಚಿಮ ಭಾಗ ದಬ್ಬೆಂದು ನೆಲಕ್ಕೆ ಕುಸಿಯಿತು. ಪೂರ್ವ ಭಾಗವನ್ನು ಮೋಟಮ್ಮ ಪೆಟ್ಟಿಗೆಯ ಮೇಲೆ ನಿಂತು ಎತ್ತಿ ಹಿಡಿದೇ ಇದ್ದಳು. ಅವಳ ಕಣ್ಣು ಮಾತ್ರ ನಕ್ಷೆಯ ಬದಿಯಿಂದ ಇಣುಕಿ ಆಟ ನೋಡುತ್ತಿತ್ತು.

ಅಂಟಕ್ಕ ಮುಂದೆ ಬಂದಳು. ತೋಳು ಇಳಿಸಿದರೂ ತೋಳು ನಂಬಲಿಲ್ಲ, ತಾನಾಗಿ ಮೇಲೇಳುತ್ತಿತ್ತು. ಅವಳು ನಕ್ಷೆಯ ಮೂಲೆ ಎತ್ತಿ ಮೇಜಿನ ಅಂಚಿಗೆ ಒರಗಿಸಿದಳು. ಹುಟ್ಟಿದಂದಿನಿಂದ ಮೊದಲ ಸಲ ದೇಶವನ್ನು ನೆಟ್ಟಗೆ ನೋಡಿದಳು. ನದಿ ಕಾಣಿಸಿತು. ಕವಲು ಕಾಣಿಸಿತು. ಬಾಲ್ಯದಲ್ಲಿ ಈಜಿದ ತಿರುವು ಕಾಣಿಸಿತು.

ಸೊಂಟಕ್ಕೆ ಸಿಕ್ಕಿಸಿದ್ದ ಒರೆಸುವ ಬಟ್ಟೆ ತೆಗೆದಳು. ಕಾರ್ಯದರ್ಶಿಯ ಮುಂದಿದ್ದ ಹೂಜಿಯ ನೀರಲ್ಲಿ ಅದ್ದಿ, ಹಿಂಡಿ, ಚೀಟಿಯ ಮೇಲೆ ಒತ್ತಿ ಹಿಡಿದಳು.

"ಏನು ಮಾಡ್ತಾ ಇದೀಯಾ?" ಎಂದರು ಕಾರ್ಯದರ್ಶಿ. ತುಪ್ಪ ಆರಿಹೋಗಿತ್ತು.

"ನೆನೀಬೇಕು ಸಾರ್. ಎಳೆದ್ರೆ ಹರಿಯುತ್ತೆ."

ಯಾರೋ ಅವಳ ತೋಳಿಗೆ ಕೈ ಹಾಕಲು ಬಂದರು. ಮುದುಕಿ ಭೂತಗನ್ನಡಿ ಎತ್ತಿ ಬೇಡ ಅಂದಳು. ಅದಕ್ಕೆ ದುಭಾಷಿ ಬೇಕಾಗಲಿಲ್ಲ. ಎಲ್ಲರೂ ಕಾದರು. ಮಂತ್ರಿಗಳ ಅಪ್ಪಣೆಗೆ ಕಾಯುವವರು, ಗೋಧಿಹಿಟ್ಟು ನೆನೆಯಲು ಕಾದರು. ಚಹಾದ ವಾಸನೆ ಕೋಣೆಯ ತುಂಬ ಹರಡಿತು.

ಅಂಟಕ್ಕ ಉಗುರಿನಿಂದ ಒಂದು ಮೂಲೆ ಎಬ್ಬಿಸಿ, ಎಳೆ ಮಗುವಿನ ಗಾಯದ ಪಟ್ಟಿ ಬಿಚ್ಚುವಂತೆ ಮೆಲ್ಲಗೆ ಎತ್ತಿದಳು. ಚೀಟಿ ಒಂದಿಷ್ಟೂ ಹರಿಯದೆ ಬಂತು. ಕೆಳಗೆ ಹಸಿರು. ಪಕ್ಕದ ದೇಶದ ಬಣ್ಣ. ಅದರ ಮೇಲೆ ಸಣ್ಣ ಅಕ್ಷರದಲ್ಲಿ ಊರಿನ ಹೆಸರು.

ಮುದುಕಿ ಹತ್ತಿರ ಬಂದು ನೋಡಿದಳು. ಚೀಟಿ ಮೂಸಿದಳು. ಮಿಕ್ಕಿಬ್ಬರು ಮಧ್ಯಸ್ಥರಿಗೂ ಕೊಟ್ಟಳು. ಅವರೂ ಮೂಸಿದರು.

"ಇಂಥದು ಬೇರೆ ಇದೆಯೇ ಎಂದು ಕೇಳುತ್ತಿದ್ದಾರೆ" ಎಂದ ದುಭಾಷಿ.

ಅಂಟಕ್ಕ ಕಣ್ಣು ಮುಚ್ಚಿ ನಕ್ಷೆಯ ಮೇಲೆ ಅಂಗೈ ಆಡಿಸಿದಳು. "ಬಂದರಿನ ಮೇಲೆ ಒಂದಿದೆ. ಅದು ನನ್ನ ಕೆಲಸ ಅಲ್ಲ, ಬೇರೆ ಯಾರದೋ. ಅಂಚು ಒರಟು." ಬಗ್ಗಿ ಮೂಸಿದಳು. "ಆಗಲೂ ಚಾನೇ."

"ಇದು ಒಬ್ಬ ಕೂಲಿಯವಳ ಮಾತು" ಎಂದರು ಕಾರ್ಯದರ್ಶಿ. "ಆಕೆಗೆ ರಾಜನೀತಿ ತಿಳಿಯದು."

"ನನಗೆ ಅಂಟು ತಿಳಿಯುತ್ತೆ ಸಾರ್. ನಿಮ್ಮ ನೀತಿ ಪೂರ್ತಿ ನಿಂತಿರೋದು ಅದರ ಮೇಲೇ."

ಮುದುಕಿ ಒಂದು ಕುರ್ಚಿ ಎಳೆದು ಅಂಟಕ್ಕನಿಗೆ ತೋರಿಸಿದಳು. ಆ ಕಚೇರಿಯಲ್ಲಿ ಇಪ್ಪತ್ತೊಂದು ವರ್ಷ ಕಳೆದವಳಿಗೆ ಕುರ್ಚಿಯಲ್ಲಿ ಎಷ್ಟು ಒಳಕ್ಕೆ ಸರಿದು ಕೂರಬೇಕು ಅಂತ ತಿಳಿಯಲಿಲ್ಲ. ತುದಿಯಲ್ಲಿ ಕೂತಳು. ಆಮೇಲೆ ಸೊಂಟ ನೋವು ನೆನಪಾಗಿ ಪೂರ್ತಿ ಹಿಂದಕ್ಕೆ ಒರಗಿದಳು.

"ಅಲ್ಲಿ ವಾಸಿಸುವವರ ಹೇಳಿಕೆ ಸಭೆಗೆ ಬೇಕಾಗಿದೆ" ಎಂದ ದುಭಾಷಿ, ಕಾಗದ ಬಿಡಿಸಿ. "ಯಾರೂ ವಾಸಿಸುವುದಿಲ್ಲ ಎಂದು ಹೇಳಿದ್ದರಿಂದ ಇದುವರೆಗೆ ಪಡೆದಿಲ್ಲ. ನಿಮಗೆ ತಿಳಿದಷ್ಟು ಹೇಳಬೇಕು. ಯಾವ ಮನೆ ಎಲ್ಲಿದೆ ಎಂದು ನಕ್ಷೆಯ ಮೇಲೆ ಗುರುತು ಹಾಕುತ್ತಾರೆ. ಮುಂದಿನ ವಾರ ಖುದ್ದಾಗಿ ಹೋಗಿ ತಾಳೆ ನೋಡುತ್ತಾರೆ."

"ಮೇಜಿನ ಮೇಲೆ ಹಾಸಬೇಡಿ" ಎಂದಳು ಅಂಟಕ್ಕ. "ಒದ್ದೆ ಇದೆ, ಅಂಟ್ಕೊಂಡುಬಿಡುತ್ತೆ. ಎತ್ತಿ ಹಿಡೀಬೇಕು."

"ಹೋಗಮ್ಮಾ, ಹಿಡ್ಕೋ ಹಾಗಾದ್ರೆ" ಎಂದರು ಸಾಹೇಬರು, ರೂಢಿಯಂತೆ.

"ನೀವೇ ಹಿಡ್ಕೊಳ್ಳಿ ಸಾರ್."

ಅವಳು ಸಿಟ್ಟಿನಿಂದ ಹೇಳಲಿಲ್ಲ. ಕಿಟಕಿ ಹಾಕಿ ಅನ್ನುವಷ್ಟು ಸಹಜವಾಗಿ ಹೇಳಿದಳು. ಸಾಹೇಬರು ಮೋಟಮ್ಮನ ಕಡೆ ನೋಡಿದರು. ಅವಳು ಪೆಟ್ಟಿಗೆಯಿಂದ ಇಳಿದು, ಕೋಲಿನ ತುದಿಯನ್ನು ಗೌರವದಿಂದ ಅವರ ಕೈಗೇ ಕೊಟ್ಟಳು. ಪೆಟ್ಟಿಗೆಯನ್ನು ತಾನೇ ತಳ್ಳಿಕೊಂಡು ಹೋಗಿ ಅಂಟಕ್ಕನ ಪಕ್ಕ ಹಾಕಿಕೊಂಡು ಕೂತಳು.

ಇನ್ನೊಂದು ತುದಿ ನೆಲದಲ್ಲೇ ಬಿದ್ದಿತ್ತು. ಮೂವರು ಮಧ್ಯಸ್ಥರೂ ಅದನ್ನು ನೋಡಿದರು. ಆಮೇಲೆ ಕಾರ್ಯದರ್ಶಿಯನ್ನು ನೋಡಿದರು. ಆತ ಬೆತ್ತವನ್ನು ಎಲ್ಲಿಡುವುದೆಂದು ತಿಳಿಯದೆ ಕಂಕುಳಲ್ಲಿ ಇರುಕಿಕೊಂಡು, ಬಗ್ಗಿ ಕೋಲು ಎತ್ತಿದರು. ನಕ್ಷೆ ಮೇಲೆದ್ದಿತು. ಈಗ ಅದರ ಹಿಂದೆ ಇಬ್ಬರು ದೊಡ್ಡ ಮನುಷ್ಯರು ಮುಖವಿಲ್ಲದೆ ನಿಂತಿದ್ದರು. ಬೆರಳು ಮಾತ್ರ ಕಾಣುತ್ತಿದ್ದವು, ನಯವಾದ ಬೆರಳು, ಎಲ್ಲ ಗೆರೆಯೂ ಜೋಪಾನವಾಗಿದ್ದವು.

"ಹೇಳಿ" ಎಂದ ದುಭಾಷಿ.

ಅಂಟಕ್ಕ ಮೊದಲನೆಯ ಮನೆಯಿಂದ ಶುರು ಮಾಡಿದಳು. ನೀರಿಗೆ ಹತ್ತಿರದ್ದು. ಗಂಡ ಹೆಂಡತಿ, ಗಂಡನ ತಾಯಿ, ಮೂರು ಮಕ್ಕಳು. ತಾಯಿಗೆ ಒಂದು ಕಣ್ಣು ಕಾಣುವುದಿಲ್ಲ, ಆದರೆ ಊರಲ್ಲಿ ಒಳ್ಳೆಯ ಬುಟ್ಟಿ ಅವಳದೇ. ಎರಡನೆಯದು ಅಣ್ಣನ ಮನೆ. ಅತ್ತಿಗೆ ಬಾಯಿ ಜೋರು, ಕೈ ಧಾರಾಳ. ಅದನ್ನೂ ಬರೆಯಬೇಕೇ ಎಂದು ದುಭಾಷಿ ಕೇಳಿದ. ಬರೀರಿ ಅಂದಳು. ಮೂರನೆಯ ಮನೆಯ ಮಾವ ಅಳಿಯನ ಜಗಳದ ಕಥೆ ಸ್ವಲ್ಪ ಉದ್ದವಿತ್ತು. ನಕ್ಷೆ ಮೆಲ್ಲಗೆ ನಡುಗಲು ಶುರುವಾಯಿತು.

"ಸ್ವಲ್ಪ ಬೇಗ" ಎಂದು ನಕ್ಷೆಯ ಪಶ್ಚಿಮ ಭಾಗ ನರಳಿತು.

"ನಾಲ್ಕನೇ ಮನೆ" ಎಂದಳು ಅಂಟಕ್ಕ. "ಅಲ್ಲಿ ಗಂಡ ಹೆಂಡ್ತಿ, ಒಂದು ಕೂಸು. ಹುಟ್ಟಿ ಒಂಬತ್ತು ದಿನ ಆಯ್ತು ಅಂತ ಅಣ್ಣ ಫೋನಲ್ಲಿ ಹೇಳ್ದ."

ದುಭಾಷಿ ಲೇಖನಿ ನಿಲ್ಲಿಸಿದ. "ಒಂಬತ್ತು ದಿನದ ಕೂಸನ್ನು ನಿವಾಸಿ ಅಂತ ಬರೆಯಬಹುದೇ?"

"ಹಸಿವಾದ್ರೆ ಅಳುತ್ತೆ ಸಾರ್. ಜನ ಅಲ್ದೆ ಇನ್ನೇನು?"

ಅವನು ಬರೆದುಕೊಂಡ. ಅಂಟಕ್ಕ ಲೋಟಕ್ಕೆ ನೀರು ಬಗ್ಗಿಸಿಕೊಂಡು ನಿಧಾನವಾಗಿ ಕುಡಿದಳು. ಆಮೇಲೆ ಐದನೆಯ ಮನೆಗೆ ಹೋದಳು.